ಬಟ್ಟೆ ಇಲ್ಲದ ಕಂಬಗಳ ಊರು

ನಾನು ಕೆಲಸಕ್ಕಿರುವ ಪರದೇಶದಲ್ಲಿ, ಜುರಾಂಗ್ ಐಲ್ಯಾಂಡ್‌ನ ಕಾರ್ಖಾನೆಗಳಿಗೆ ಹೋಗುವ ಕಂಪನಿ ಬಸ್ಸಿನಲ್ಲಿ ನನ್ನ ಪಕ್ಕ ಕೂರುತ್ತಿದ್ದವನು ಸ್ಲೊವೇನಿಯಾದವನು. ಅವನ ಬಳಿ ಅವನ ದೇಶದ ಹಳೆಯ ಕಪ್ಪು-ಬಿಳುಪು ಸಾಕ್ಷ್ಯಚಿತ್ರವೊಂದಿತ್ತು, ಅವನ ಅಪ್ಪ ಚಡ್ಡಿ ಹಾಕುತ್ತಿದ್ದ ಕಾಲದ್ದು. ಹತ್ತೇ ನಿಮಿಷ. ಗುಡ್ಡ, ಹೊಳೆ, ಹುಲ್ಲು ಕೊಯ್ಯುವ ಹೆಂಗಸರು. ಹಿನ್ನೆಲೆಯಲ್ಲಿ ಒಬ್ಬ ಕವಿತೆಯಂತೆ ಮಾತಾಡುತ್ತಾನೆ. ಆಫೀಸಿನಲ್ಲಿ ತೋರಿಸಿದಾಗ ಎಲ್ಲರೂ ಫೋನ್ ನೋಡುತ್ತ ಕೂತಿದ್ದರಂತೆ.

"ಒಬ್ರಾದ್ರೂ ಒಂದು ಪ್ರಶ್ನೆ ಕೇಳ್ಬೇಕಿತ್ತು" ಎಂದ. ಅವನ ಮುಖ ನೋಡಲಾಗಲಿಲ್ಲ.

"ನಮ್ಮವ್ರಿಗೆ ತೋರ್ಸು. ಪ್ರಶ್ನೆಗೆ ಬರ ಇಲ್ಲ" ಎಂದುಬಿಟ್ಟೆ.

ಹಾಗಾಗಿ ಒಂದು ಭಾನುವಾರ ಪುಂಗೋಲ್‌ನ ನಮ್ಮ ಅಪಾರ್ಟ್‌ಮೆಂಟಿನ ಸಭಾಂಗಣದಲ್ಲಿ ಇಪ್ಪತ್ತು ಕನ್ನಡಿಗರು, ಒಂದು ಪ್ರೊಜೆಕ್ಟರ್, ಹಿಂದಿನ ಮೇಜಿನಿಂದ ಬಿಸಿಬೇಳೆಬಾತಿನ ವಾಸನೆ. ಸಿನಿಮಾದ ಮಾತನ್ನು ಅವನು ಇಂಗ್ಲಿಷಿನಲ್ಲಿ ಬರೆದುಕೊಟ್ಟಿದ್ದ; ಅದನ್ನು ನಾನು ಮೈಕ್ ಹಿಡಿದು ಕನ್ನಡದಲ್ಲಿ ಹೇಳಬೇಕು. ಮೊದಲ ಸಾಲಲ್ಲೇ 'ಹೋಮ್‌ಲ್ಯಾಂಡ್'. ತಾಯ್ನಾಡು ಎಂದರೆ ರಾಜ್ಯೋತ್ಸವದ ಭಾಷಣವಾಗುತ್ತದೆ ಎಂದು ಸರಳ ಮಾಡಿದೆ.

"ಇದು ನಮ್ಮೂರು. ಈ ಗುಡ್ಡದ ಮೇಲೆಯೇ ನಾನು ನಡೆಯಲು ಕಲಿತೆ."

ಮುಂದಿನ ಸಾಲಿನ ಮೈಸೂರು ಆಂಟಿ ತಿರುಗಿದರು. "ರೀ, ನಿಮ್ದು ಮಂಡ್ಯ ಅಲ್ವೇನ್ರೀ?"

"ನಾನಲ್ಲ ಆಂಟಿ, ಸಿನಿಮಾದವ್ನು ಹೇಳ್ತಿರೋದು."

"ಮತ್ತೆ ನಮ್ಮೂರು ಅಂದ್ರಿ? ಮಂಡ್ಯದಲ್ಲಿ ಇಷ್ಟೊಂದ್ ಗುಡ್ಡ ಎಲ್ಲಿದೆ?"

"ಮೇಲುಕೋಟೆ ಇಲ್ವೇನೆ?" ಎಂದರು ಪಕ್ಕದಲ್ಲಿದ್ದ ಅವರ ಯಜಮಾನರು.

"ನೀವು ಸುಮ್ನಿರಿ."

ಅಷ್ಟರಲ್ಲಿ ಪರದೆಯ ಮೇಲೆ, ಹೊಲದ ನಡುವೆ ಮರದ ಚೌಕಟ್ಟು ಬಂತು. ಉದ್ದಕ್ಕೂ ಅಡ್ಡ ಕಂಬಗಳು, ಮೇಲೊಂದು ಪುಟ್ಟ ಮಾಡು.

"ಅಯ್ಯೋ, ನಮ್ ಹಳೇ ಫ್ಲ್ಯಾಟಿನ್ ಕಿಟಕಿ ಹೊರಗಿದ್ದ ಥರಾನೇ ಬಟ್ಟೆ ಒಣಗ್ಸೋ ಕಂಬ! ಒಂದ್ ಟವೆಲ್ಲೂ ಇಲ್ವಲ್ರೀ!" ಎಂದರು ಆಂಟಿ.

ಸಭೆಗೆ ಸಭೆಯೇ ನಕ್ಕಿತು. ಸ್ಲೊವೇನಿಯಾದ ಗೆಳೆಯ ಬಿಳಿಚಿಕೊಂಡ. "ಯಾಕೆ ನಗ್ತಿದಾರೆ? ಅಷ್ಟು ಕೆಟ್ಟದಾಗಿದ್ಯಾ?"

ಇದ್ದದ್ದನ್ನು ಇದ್ದ ಹಾಗೇ ಹೇಳಿದೆ. "ಪ್ರಶ್ನೆ ಬಂದಿದೆ. ಆ ಕಂಬದ ಮೇಲೆ ಬಟ್ಟೆ ಯಾಕಿಲ್ಲ ಅಂತ."

ಅವನು ಸಿನಿಮಾ ನಿಲ್ಲಿಸಿ ಮೈಕ್ ಕಿತ್ತುಕೊಂಡ. ಅದು ಹುಲ್ಲು ಒಣಗಿಸುವ ಚೌಕಟ್ಟಂತೆ. ಅಲ್ಲಿ ಮಳೆ ಜಾಸ್ತಿ, ನೆಲದ ಮೇಲೆ ಬಿಟ್ಟರೆ ಕೊಳೆಯುತ್ತದಂತೆ. ತಾತ ಕಟ್ಟಿದ್ದರ ಮೇಲಿಂದ ಏಳನೇ ವಯಸ್ಸಿನಲ್ಲಿ ಬಿದ್ದು ಹಲ್ಲು ಮುರಿದುಕೊಂಡನಂತೆ. ಬಾಯಿ ತೆರೆದು ಹಲ್ಲೂ ತೋರಿಸಿದ.

ಹಸು ಎಷ್ಟು? ಹಾಲು ಯಾರು ಕರೀತಿದ್ರು? ಬಿದ್ದಾಗ ಅಮ್ಮ ಹೊಡೆದ್ರಾ? ಹತ್ತು ನಿಮಿಷದ ಸಿನಿಮಾ ಒಂದೂವರೆ ಗಂಟೆ ಓಡಿತು. ನಾನು ರಾತ್ರಿಯೆಲ್ಲ ಕೂತು ಅನುವಾದಿಸಿದ್ದ ಕವಿತೆ ಜೇಬಲ್ಲೇ ಉಳಿಯಿತು. ಬಿಸಿಬೇಳೆಬಾತು ಗಟ್ಟಿಯಾಗಿ ಇಟ್ಟಿಗೆಯಾಯಿತು.

ಹೊರಡುವಾಗ ಆಂಟಿ ಅದನ್ನೇ ಡಬ್ಬಿಗೆ ತುಂಬಿ ಅವನ ಕೈಗಿಟ್ಟು, ನನ್ನತ್ತ ತಿರುಗಿದರು.

"ಹೇಳ್ರೀ ಅವ್ನಿಗೆ. ಊರು ಚೆನ್ನಾಗಿದೆ. ಆದ್ರೆ ಅಷ್ಟ್ ಜಾಗ ಇಟ್ಕೊಂಡು ಒಂದ್ ಬೆಡ್‌ಶೀಟೂ ಒಣಗ್ಸಲ್ಲ ಅಂದ್ರೆ ಹೆಂಗೆ?"

ಹೇಳಿದೆ. ಅವನು ಮುರುಕು ಹಲ್ಲು ಪೂರ್ತಿ ಕಾಣುವ ಹಾಗೆ ನಕ್ಕ.