ಒಂದೇ ಸಾಲಿನ ಹಂಗೇರಿಯನ್ ನಟಿ

ಶನಿವಾರ ಇಂಗ್ಲೆಂಡಿನ ನಮ್ಮ ಕನ್ನಡ ಸಂಘದ ಯುಗಾದಿ. ಮುಖ್ಯ ಅತಿಥಿಯಾಗಿ ಬರಬೇಕಿದ್ದ ಬೆಂಗಳೂರಿನ ನಟನಿಗೆ ವೀಸಾ ಸಿಗಲಿಲ್ಲ ಎಂದು ವಾಟ್ಸ್ಯಾಪ್ ಬಂದದ್ದು ಗುರುವಾರ.

ನಿಮಗೆ ಗೊತ್ತೇ ಇದೆ, ಹೋಳಿಗೆ ಇಲ್ಲದೆಯೂ ನಾವು ಯುಗಾದಿ ಮಾಡಿಯೇವು, ಮುಖ್ಯ ಅತಿಥಿಯಿಲ್ಲದೆ ಮಾಡಲಾರೆವು. ಶಾಲು ಯಾರಿಗೆ ಹೊದಿಸುವುದು? ಹಣ್ಣಿನ ಬುಟ್ಟಿ ಯಾರ ಕೈಗೆ ಕೊಡುವುದು? ಸಿನಿಮಾದವರೇ ಬರುತ್ತಾರೆಂದು ಊರಿಗೆಲ್ಲ ಸಾರಿದ್ದವಳು ನಾನು. ಸೊಲಿಹಲ್‌ನಿಂದ, ಲೀಡ್ಸ್‌ನಿಂದ ಡಾಕ್ಟರುಗಳು ಡ್ಯೂಟಿ ರೋಟಾ ಬದಲಾಯಿಸಿಕೊಂಡು ಬರುವವರಿದ್ದರು.

ಆಗ ನೆನಪಾದವರು ಪಕ್ಕದ ಮನೆಯ ಇಲೋನಾ. ಎಂಬತ್ತೈದು ದಾಟಿದ ಹಂಗೇರಿಯನ್ ಅಜ್ಜಿ. ಹುಡುಗಿಯಾಗಿದ್ದಾಗ ಬುಡಾಪೆಸ್ಟ್‌ನಲ್ಲಿ ಸಿನಿಮಾ ನಟಿ. ದೇಶದಲ್ಲಿ ದಂಗೆಯಾದಾಗ ಊರು ಬಿಟ್ಟು, ಇಲ್ಲಿ ಸ್ಟಾಕ್‌ಪೋರ್ಟ್‌ನ ಟೋಪಿ ಫ್ಯಾಕ್ಟರಿ ಸೇರಿದರು. ಬೇಲಿಯಾಚೆಯಿಂದ ಇದನ್ನೆಲ್ಲ ಹೇಳಿದ್ದು ಅವರೇ. (ಹಾಗೆಂದು ನನ್ನ ನೆನಪು.)

ಮುಖ್ಯ ಅತಿಥಿಯಾಗಿ ಬನ್ನಿ, ಶಾಲು ಹೊದಿಸುತ್ತೇವೆ ಎಂದು ಕೇಳಿಕೊಂಡೆ. "ಶಾಲು ಯಾಕೆ, ಲವ್? ನನ್ನ ಹತ್ತಿರ ಕೋಟ್ ಇದೆಯಲ್ಲ," ಎಂದರು, ಇಲ್ಲಿನವರಂತೆ ಮಾತಿಗೊಂದು 'ಲವ್' ಸೇರಿಸಿ. ಆಮೇಲೆ ಮೆಲ್ಲಗೆ, "ನಾನು ನಟಿ ಅಂದರೆ ನನ್ನ ಮೊಮ್ಮಕ್ಕಳೇ ನಗುತ್ತಾರೆ. ನಿಮ್ಮವರು ನಗಲ್ಲ ತಾನೇ?"

ಖಂಡಿತ ಇಲ್ಲ ಎಂದು ಮಾತು ಕೊಟ್ಟೆ.

ಪರಿಚಯ ಭಾಷಣ ನನ್ನದೇ. ನಮ್ಮಲ್ಲಿ ಪರಿಚಯವೆಂದರೆ ಹೇಗೆ? ಇದ್ದದ್ದನ್ನು ಇದ್ದಷ್ಟೇ ಹೇಳಿದರೆ ಅತಿಥಿಗೆ ಅವಮಾನ. "ಹತ್ತಾರು ಚಿತ್ರಗಳ ನಾಯಕಿ" ಎಂದುಬಿಟ್ಟೆ. 'ಹತ್ತಾರು' ನನ್ನದು, ಒಪ್ಪುತ್ತೇನೆ. 'ನಾಯಕಿ' ಅವರು ಹೇಳಿದ್ದೋ ನಾನು ಸೇರಿಸಿದ್ದೋ, ಆಣೆ ಮಾಡಿ ಹೇಳಲಾರೆ. ಅವರಿಗೂ ತಿಳಿಯಲೆಂದು ಇಂಗ್ಲಿಷಿನಲ್ಲಿ ಮಾತಾಡಿದ್ದೇ ಎಡವಟ್ಟಾಯಿತು.

ಇಲೋನಾ ಮೈಕ್ ಹಿಡಿದರು. "ನಾಯಕಿ ಅಲ್ಲ. ಮಾಡಿದ್ದು ಎರಡು ಸಿನಿಮಾ. ಒಂದರಲ್ಲಿ ಹಾಲು ಮಾರುವ ಹುಡುಗಿ, ಒಂದೇ ಸಾಲು ಮಾತು. ಇನ್ನೊಂದರಲ್ಲಿ ನನ್ನ ಭಾಗ ಕತ್ತರಿಸಿ ಹಾಕಿದರು. ಅಷ್ಟೇ."

ಹಿಂದಿನ ಕುರ್ಚಿಗಳಲ್ಲಿ ಯಾರೋ ಕಿಸಕ್ಕೆಂದರು. ಇಲೋನಾ ಶಾಲಿನ ಅಂಚು ಬಿಗಿಯಾಗಿ ಹಿಡಿದುಕೊಂಡು ನನ್ನತ್ತ ನೋಡಿದರು. ನಾನು ಎಲ್ಲಿ ನೋಡಲಿ?

ಆಗ ಎದ್ದರು ಡಾಕ್ಟರ್ ಪಾಟೀಲರು. ನಿವೃತ್ತ ಜಿಪಿ, ಹುಬ್ಬಳ್ಳಿಯಲ್ಲಿ ಕಂಪನಿ ನಾಟಕ ನೋಡುತ್ತ ಬೆಳೆದವರು. "ಮೇಡಂ, ಆ ಡೈಲಾಗ್ ಹೇಳಿ, ಕೇಳೋಣ."

ಇಲೋನಾ ಬೆನ್ನು ನೆಟ್ಟಗೆ ಮಾಡಿದರು. ಒಂದು ಕೈ ಸೊಂಟದ ಮೇಲೆ, ಇನ್ನೊಂದರಲ್ಲಿ ಕಾಣದ ಹಾಲಿನ ಕ್ಯಾನು. ಹಂಗೇರಿಯನ್‌ನಲ್ಲಿ ಒಂದು ಮಾತು ಚಿಮ್ಮಿತು. ಯಾರಿಗೂ ಒಂದಕ್ಷರ ತಿಳಿಯಲಿಲ್ಲ.

"ವನ್ಸ್ ಮೋರ್!" ಎಂದು ಕೂಗಿದರು ಪಾಟೀಲರು.

ಅವರ ಹೆಂಡತಿ ತೋಳು ಜಗ್ಗಿದರು. "ಸುಮ್ನ ಕೂಡ್ರಿ. ಇದು ಹುಬ್ಬಳ್ಳಿ ಅಲ್ಲ, ಸ್ಟಾಕ್‌ಪೋರ್ಟ್."

"ಚಲೋ ಇದ್ರ ಎಲ್ಲಾದ್ರೂ ಕೂಗಬೇಕ."

ಆಮೇಲೆ ಇಡೀ ಸಭೆ ಕೂಗಿತು. ಕನ್ನಡಕ್ಕೆ ಇಂಗ್ಲಿಷಿನಲ್ಲೇ ಉತ್ತರ ಕೊಡುವ ನಮ್ಮ ಮಕ್ಕಳೂ ಕೂಗಿದವು. ಇಲೋನಾ ಮತ್ತೆ ಹೇಳಿದರು, ಈ ಸಲ ಗಲ್ಲ ಎತ್ತಿ, ಕಣ್ಣು ಹೊಡೆದು. ಅರ್ಥವನ್ನೂ ಕೊಟ್ಟರು: "ಹಾಲು ಮುಗಿಯಿತು, ನಾಳೆ ಬನ್ನಿ." ಜನ ಬಿದ್ದು ಬಿದ್ದು ನಕ್ಕರು. ಎಲ್ಲರಿಗಿಂತ ಜೋರಾಗಿ ನಕ್ಕದ್ದು ಅವರೇ.

ವಾಪಸ್ ಬರುವಾಗ ಕಾರಿನಲ್ಲಿ, ಹಣ್ಣಿನ ಬುಟ್ಟಿ ತೊಡೆಯ ಮೇಲಿಟ್ಟುಕೊಂಡು ಹೇಳಿದರು: "ಆವತ್ತು ಡೈರೆಕ್ಟರ್ ಕೂಡ ಅದನ್ನು ಮತ್ತೆ ಮತ್ತೆ ಹೇಳಿಸಿದ್ದ, ಲವ್. ಚೆನ್ನಾಗಿಲ್ಲ ಅಂತ."

ಚೆನ್ನಾಗಿದೆ ಎಂಬ ಕಾರಣಕ್ಕೇ ಯಾರಾದರೂ ನಿಮ್ಮಿಂದ ಇನ್ನೊಮ್ಮೆ ಹೇಳಿಸಿ ಎಷ್ಟು ಕಾಲವಾಯಿತು?