ಹಗ್ಗದ ಬಾಲವೂ ನನ್ನ ತಕ್ಕಡಿಯೂ

ನಾನು ಈವರೆಗೆ ಯಾವ ಆಟವನ್ನೂ ನೆಟ್ಟಗೆ ಆಡಿದವನಲ್ಲ. ಶಾಲೆಯಲ್ಲಿ ಒಮ್ಮೆ ಓಟದ ಸ್ಪರ್ಧೆಗೆ ನಿಂತಿದ್ದೆ. ಉಳಿದವರು ಗುರಿ ಮುಟ್ಟಿ, ನೀರು ಕುಡಿದು, ಮಾತಾಡಿಕೊಂಡು ವಾಪಸು ಬರುವಾಗ ನಾನಿನ್ನೂ ಹೋಗುತ್ತಿದ್ದೆ. ದೈಹಿಕ ಶಿಕ್ಷಕರು ನನ್ನನ್ನು ಮೈದಾನದಿಂದ ಹೊರಗೆ ಕರೆದು ಕೈಗೊಂದು ಬಾವುಟ ಕೊಟ್ಟರು. ಹೀಗಿದ್ದರೂ ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಯ ಕಡೆ ಹಗ್ಗ ಜಗ್ಗಾಟ ಎಲ್ಲೇ ನಡೆಯಲಿ, ನನಗೊಂದು ಕುರ್ಚಿ ಉಂಟು. ಆ ಕುರ್ಚಿ ನಿಜವಾಗಿ ನನಗಲ್ಲ, ನನ್ನ ತಕ್ಕಡಿಗೆ. ತಕ್ಕಡಿ ಕುಳಿತುಕೊಳ್ಳುವುದಿಲ್ಲವಾದ ಕಾರಣ ನಾನು ಕುಳಿತುಕೊಳ್ಳುತ್ತೇನೆ.

ವಾಮದಪದವಿನಲ್ಲಿ ನನ್ನದು ಅಡಿಕೆ, ಕಾಳುಮೆಣಸು, ರಬ್ಬರ್ ಶೀಟು ಕೊಳ್ಳುವ ಅಂಗಡಿ. ಬಾಗಿಲಲ್ಲೇ ಗೋಣಿ ಇಟ್ಟು ತೂಗುವ ಕಬ್ಬಿಣದ ಹಲಗೆ, ಅದರ ತಲೆಯ ಮೇಲೆ ಕೆಂಪಾಗಿ ಅಂಕಿ ತೋರಿಸುವ ಪೆಟ್ಟಿಗೆ. ನಮ್ಮ ಕಡೆಯ ಹಗ್ಗ ಜಗ್ಗಾಟದಲ್ಲಿ ಯಾರು ಬೇಕಾದರೂ ಹೋಗಿ ಹಗ್ಗ ಹಿಡಿಯುವ ಹಾಗಿಲ್ಲ. ತಂಡದ ಎಂಟೂ ಜನರ ಒಟ್ಟು ತೂಕ ಇಷ್ಟೇ ಕಿಲೋ ಇರಬೇಕೆಂದು ಕಟ್ಟಳೆ. ಒಬ್ಬೊಬ್ಬರನ್ನೇ ತೂಗಿ ಕೂಡಿಸಬೇಕು. ಮನುಷ್ಯರನ್ನು ತೂಗುವ ಸಣ್ಣ ಯಂತ್ರಗಳು ನಮ್ಮ ಹುಡುಗರ ಕಾಲು ತಾಗಿದ ಕೂಡಲೇ ಪ್ರಾಣ ಬಿಡುತ್ತವೆ. ಹಾಗಾಗಿ ಭಾನುವಾರ ಬಂತೆಂದರೆ ನನ್ನ ತಕ್ಕಡಿ ಟೆಂಪೋ ಹತ್ತುತ್ತದೆ, ಅದರ ಹಿಂದೆ ನಾನು.

ಈ ಆಟದ ಬಗ್ಗೆ ಕುರ್ಚಿಯಲ್ಲಿ ಕುಳಿತು ನಾನು ಬಹಳ ಚಿಂತನೆ ಮಾಡಿದ್ದೇನೆ. ಬೇರೆ ಎಲ್ಲ ಆಟಗಳಲ್ಲಿ ಮುಂದೆ ಹೋದವನು ಗೆಲ್ಲುತ್ತಾನೆ. ಇದೊಂದರಲ್ಲಿ ಮಾತ್ರ ಹಿಂದೆ ಹೋದವನಿಗೆ ಕಪ್. ಎದುರಿನವರನ್ನು ಹಲ್ಲು ಕಚ್ಚಿ ದುರುಗುಟ್ಟಿ ನೋಡುತ್ತಾ ತಾನು ಹಿಂದಕ್ಕೆ ಹಿಂದಕ್ಕೆ ಹೋಗುವುದು, ಕೊನೆಗೆ ಗೆದ್ದೆವೆಂದು ಪಟಾಕಿ ಹೊಡೆಯುವುದು. ರಾಜಕೀಯದವರಿಗೆ ಈ ಆಟ ಇಷ್ಟು ಪ್ರಿಯ ಯಾಕೆಂದು ನನಗೆ ಆಗ ಗೊತ್ತಾಯಿತು. ಒಮ್ಮೆ ಚುನಾವಣೆ ಹತ್ತಿರ ಇದ್ದಾಗ ನಡೆದ ಪಂದ್ಯಾಟಕ್ಕೆ ಎಲ್ಲ ಪಕ್ಷದ ಮುಖಂಡರೂ ಬಂದಿದ್ದರು. ದೀಪ ಹಚ್ಚಿದ ಮೇಲೆ ಹಗ್ಗ ಹಿಡಿದು ಉದ್ಘಾಟಿಸಬೇಕೆಂದು ವಿನಂತಿ ಬಂತು. ಫೋಟೋದವನು ಬಲಗಡೆ ನಿಂತಿದ್ದ. ಜನ್ಮದಲ್ಲಿ ಒಬ್ಬರ ಮುಖ ಒಬ್ಬರು ನೋಡದ ಅಷ್ಟೂ ಮುಖಂಡರು ಬಲಗಡೆಗೇ ಬಂದು ಹಗ್ಗ ಹಿಡಿದರು. ಎಡಗಡೆ ಒಂದು ನರಪಿಳ್ಳೆ ಇಲ್ಲ. "ಎಳೆಯಿರಿ" ಎಂದು ಮೈಕಿನಲ್ಲಿ ಹೇಳಿದ್ದೇ ತಡ, ಒಂದೇ ಮನಸ್ಸಿನಿಂದ ಎಳೆದು ಒಬ್ಬರ ಮೇಲೊಬ್ಬರು ಮಗುಚಿ ಬಿದ್ದರು. ನಮ್ಮ ತಾಲೂಕಿನಲ್ಲಿ ಸರ್ವಪಕ್ಷ ಐಕ್ಯವನ್ನು ನಾನು ಕಣ್ಣಾರೆ ಕಂಡದ್ದು ಅದೊಂದೇ ಸಲ.

ಲೋಕದ ಮೊದಲ ಹಗ್ಗ ಜಗ್ಗಾಟ ಸಮುದ್ರಮಥನವೇ ಎಂಬುದರಲ್ಲಿ ನನಗೆ ಸಂಶಯವಿಲ್ಲ. ವಾಸುಕಿಯೇ ಹಗ್ಗ. ತಲೆ ಹಿಡಿಯುವುದೇ ದೊಡ್ಡಸ್ತಿಕೆ ಎಂದು ಅಸುರರು ಹಟ ಹಿಡಿದು ಆ ಕಡೆ ಹೋಗಿ, ಹಾವಿನ ವಿಷದುಸಿರಿಗೆ ಮುಖ ಸುಟ್ಟುಕೊಂಡರು. ದೇವತೆಗಳು ಬಾಲ ಹಿಡಿದು ಬಚಾವಾದರು. ಆಟವೇನೋ ನ್ಯಾಯವಾಗಿಯೇ ನಡೆಯಿತು, ಬಹುಮಾನ ವಿತರಣೆಯಲ್ಲಿ ಮೋಸವಾಯಿತು. ಬೇರೆ ಪಂಕ್ತಿಯಲ್ಲಿ ಹೋಗಿ ಕುಳಿತ ಒಬ್ಬನ ತಲೆಯೇ ಹಾರಿತು. ಯಾರು ಯಾವ ಸಾಲಿನಲ್ಲಿ ಕುಳಿತುಕೊಳ್ಳಬಹುದು ಎಂಬ ಈ ತಕರಾರು ಅಂದಿನಿಂದ ಇಂದಿನವರೆಗೂ ಮುಗಿದಿಲ್ಲ. ಬಾಲ ಹಿಡಿಯುವವನ ಮಹತ್ವವೂ ಅಂದಿನಿಂದ ಕಡಿಮೆಯಾಗಿಲ್ಲ. ಈ ಎರಡೂ ಸೇರಿದಲ್ಲಿ ಸಿಗುವವನೇ ನಮ್ಮ ಹಮೀದ.

ಹಮೀದ ಗಲ್ಫಿನಲ್ಲಿ ಹತ್ತಾರು ವರ್ಷ ದುಡಿದು ಬಂದು ಈಗ ಊರಿನಲ್ಲಿ ಗೂಡ್ಸ್ ಟೆಂಪೋ ಓಡಿಸುತ್ತಾನೆ. ನನ್ನ ಅಡಿಕೆ ಗೋಣಿಗಳನ್ನೂ ತಕ್ಕಡಿಯನ್ನೂ ಸಾಗಿಸುವುದು ಅವನೇ. ಆನೆಯ ಮೈ, ಆಡಿನ ಸ್ವಭಾವ. ನಮ್ಮೂರ ತಂಡದಲ್ಲಿ ಅವನು ಎಲ್ಲರಿಗಿಂತ ಹಿಂದೆ ನಿಂತು, ಹಗ್ಗದ ಬಾಲವನ್ನು ಹೆಗಲ ಮೇಲಿಂದ ಮೈಗೆ ಸುತ್ತಿಕೊಂಡು, ಹಿಮ್ಮಡಿ ನೆಲಕ್ಕೆ ಊರಿ ಒರಗಿದನೆಂದರೆ ಮುಗಿಯಿತು. ಆಚೆಯವರು ಮರವನ್ನು ಎಳೆದ ಹಾಗೆ. ಅವನ ಮುಂದಿನ ಏಳು ಜನರಲ್ಲಿ ನಾಲ್ಕು ಜಾತಿ ಉಂಟು. ಬೆಳಿಗ್ಗೆ ರಬ್ಬರ್ ಟ್ಯಾಪಿಂಗ್ ಮಾಡುವ ದಿನೇಶ ಕ್ಯಾಪ್ಟನ್. ಅವರೆಲ್ಲ ಹಮೀದನಿಗಿಂತ ಸಣ್ಣವರು, ಅವನ ಮನೆಮಾತಾದ ಬ್ಯಾರಿ ಭಾಷೆಯಲ್ಲಿ ಅಣ್ಣನಿಗೆ ಹೇಳುವ ಹಾಗೆ "ಹಮೀದಿಚ್ಚ" ಎಂದು ಕರೆಯುತ್ತಾರೆ.

ಎಲ್ಲ ಸುಖವಾಗಿತ್ತು. ಅಷ್ಟರಲ್ಲಿ ಊರೂರಲ್ಲಿ ಫ್ಲೆಕ್ಸ್ ಏಳತೊಡಗಿದವು. ಭವ್ಯ ಹಗ್ಗ ಜಗ್ಗಾಟ, ಕೆಳಗೆ ಸಣ್ಣ ಅಕ್ಷರದಲ್ಲಿ "ಸಮಾಜ ಬಾಂಧವರಿಗೆ ಮಾತ್ರ". ನಮ್ಮಲ್ಲಿ ಸಮಾಜ ಎಂದರೆ ಲೋಕವೆಲ್ಲ ಅಲ್ಲ, ಅವರವರ ಜಾತಿ. ಒಂದು ಸಮಾಜ ಮೂಡುಬಿದಿರೆಯಲ್ಲಿ ಮಾಡಿತು ಎಂದು ಇನ್ನೊಂದು ನಾರಾವಿಯಲ್ಲಿ ಮಾಡಿತು. ಅವರಿಗಿಂತ ನಾವೇನು ಕಡಿಮೆ ಎಂದು ಮತ್ತೆರಡು ಸಮಾಜಗಳು ಎದ್ದವು. ಶಾಮಿಯಾನ ಒಬ್ಬನದೇ, ಮೈಕ್ ಒಬ್ಬನದೇ, ವೀಕ್ಷಕ ವಿವರಣೆಯವನೂ ಒಬ್ಬನೇ. ಅವನು ಪ್ರತಿ ಭಾನುವಾರ ಬೇರೆ ಬೇರೆ ಸಮಾಜವನ್ನು "ನಮ್ಮ ಹೆಮ್ಮೆಯ ಸಮಾಜ" ಎಂದು ಕೂಗಿ ಕೂಗಿ ಗಂಟಲು ಕೆಡಿಸಿಕೊಂಡ. ತಕ್ಕಡಿ ನನ್ನದೇ. ನನ್ನ ಜಾತಿಯವರನ್ನು ಊರೆಲ್ಲ ಹುಡುಕಿ ತಂದರೂ ಒಂದು ಕೇರಂ ಬೋರ್ಡಿನ ಸುತ್ತ ಕುಳಿತುಕೊಳ್ಳುವಷ್ಟು ಮಾತ್ರ ಆದೀತು. ಆದ್ದರಿಂದ ನನ್ನ ಮೇಲೆ ಯಾರಿಗೂ ಸಂಶಯವಿರಲಿಲ್ಲ.

ನಮ್ಮೂರ ತಂಡ ನಾಲ್ಕು ಚೂರಾಯಿತು. ದಿನೇಶ ಒಂದು ಕಡೆ, ಉಳಿದವರು ಅವರವರ ಕಡೆ. ಹಮೀದನ ಜಮಾತಿನ ಹುಡುಗರಿಗೆ ಕ್ರಿಕೆಟ್ಟಿನ ಹುಚ್ಚು, ಹಗ್ಗ ಮುಟ್ಟುವವರಿಲ್ಲ. ಬಾಲ ಹಿಡಿಯುವವನಿಗೆ ಹಗ್ಗವೇ ಇಲ್ಲದಾಯಿತು. ಆದರೆ ತಮಾಷೆ ನೋಡಿ, ಅಭ್ಯಾಸಕ್ಕೆ ಊರಲ್ಲಿ ಇರುವುದು ಶಾಲೆಯ ಮೈದಾನ ಒಂದೇ, ಒಳ್ಳೆಯ ಹಗ್ಗವೂ ಒಂದೇ. ಸಂಜೆ ನಾಲ್ಕೂ ಸಮಾಜದವರು ಅಲ್ಲಿಗೇ ಬರಬೇಕು. ಎಳೆಯುವುದಕ್ಕೆ ಎದುರು ಪಾರ್ಟಿ ಬೇಕಲ್ಲ, ಒಬ್ಬರನ್ನೊಬ್ಬರು ಎಳೆಯುತ್ತಿದ್ದರು. ಯಾವ ಕಡೆ ಆಳು ಕಮ್ಮಿಯೋ ಆ ಕಡೆಗೆ ಹಮೀದ. ಸೋಮವಾರದಿಂದ ಶನಿವಾರದವರೆಗೆ ಅವನು ಸರ್ವಸಮಾಜ ಬಾಂಧವ. ಭಾನುವಾರ ಮಾತ್ರ ಅವನು ತಕ್ಕಡಿ ಇಳಿಸಿ, ಟೆಂಪೋದ ಹಿಂಬಾಗಿಲಲ್ಲಿ ಕಾಲು ಇಳಿಬಿಟ್ಟು ಕುಳಿತು ಚರುಮುರಿ ತಿನ್ನುತ್ತಿದ್ದ. ಒಂದು ಪೊಟ್ಟಣ ಮುಗಿದರೆ ಇನ್ನೊಂದು. ಅವನ ಕಣ್ಣು ಮಾತ್ರ ಹಗ್ಗದ ತುದಿಯಲ್ಲೇ ಇರುತ್ತಿತ್ತು. ನನಗೆ ನೋಡಿ ಸಂಕಟವಾಗುತ್ತಿತ್ತು.

"ಮಂಡಿ ಕೈಕೊಡ್ತಾ ಉಂಟು ಸಾವುಕಾರ್ರೆ," ಎಂದ ಒಮ್ಮೆ. "ಈ ವರ್ಷ ಒಂದು ಎಳಿಲಿಕ್ಕೆ ಆದೀತು. ಮತ್ತೆ ನನ್ನಿಂದ ಆಗ್ಲಿಕ್ಕಿಲ್ಲ."

ನಾಲ್ಕೂ ಸಮಾಜಗಳಲ್ಲಿ ನಮ್ಮೂರಿನವರು ಮರ್ಯಾದೆಯಾಗಿ ಸೋತರು. ತಲೆಗಳು ಬೇಕಾದಷ್ಟಿದ್ದವು, ಬಾಲ ಇರಲಿಲ್ಲ. ಅಷ್ಟರಲ್ಲಿ ಉಜಿರೆಯ ಹತ್ತಿರ ಒಂದು ಪಂದ್ಯಾಟ ಘೋಷಣೆಯಾಯಿತು. ಫ್ಲೆಕ್ಸಿನಲ್ಲಿ "ಮುಕ್ತ" ಎಂದಿತ್ತು. ದಿನೇಶ ಅದನ್ನು ಮೊಬೈಲಿನಲ್ಲಿ ಹಿಡಿದುಕೊಂಡು, ಚದುರಿದವರನ್ನೆಲ್ಲ ಒಟ್ಟು ಮಾಡಿಕೊಂಡು ನನ್ನ ಅಂಗಡಿಗೇ ಬಂದ. ಹಮೀದ ಗೋಣಿ ಏರಿಸುತ್ತಿದ್ದ. ಯಾರೂ ಕ್ಷಮೆ ಗಿಮೆ ಎಂದು ಭಾಷಣ ಮಾಡಲಿಲ್ಲ. "ಹಮೀದಿಚ್ಚ, ಹೋಗುವ," ಎಂದ ದಿನೇಶ, ಅಷ್ಟೇ. ಹಮೀದ ಗೋಣಿಯನ್ನು ನನ್ನ ಕಾಲ ಮೇಲೆ ಇಳಿಸಿದ್ದು ಸಂತೋಷದಿಂದ ಎಂದು ತಿಳಿದು ನಾನು ಬಾಯಿ ಮುಚ್ಚಿಕೊಂಡೆ.

ಕೂಡಲೇ ಎಲ್ಲರೂ ತಕ್ಕಡಿ ಹತ್ತಿದರು. ಆಗ ಗೊತ್ತಾಯಿತು, ಟೆಂಪೋದಲ್ಲಿ ಕುಳಿತು ತಿಂದ ಚರುಮುರಿ ಎಲ್ಲಿಗೂ ಹೋಗಿರಲಿಲ್ಲ. ಹಮೀದ ಚೆನ್ನಾಗಿ ಊದಿದ್ದ. ಒಟ್ಟು ತೂಕ ಮಿತಿ ದಾಟಿ ಮೇಲೆ ಹೋಗಿತ್ತು. "ಅಡಿಕೆ ತೂಗುವಾಗ ನಿಮ್ಮ ತಕ್ಕಡಿ ಕಮ್ಮಿ ತೋರಿಸ್ತದೆ, ಜನ ತೂಗುವಾಗ ಮಾತ್ರ ಜಾಸ್ತಿ. ಇದು ಎಂತ ಕಥೆ ಮಾರಾಯ್ರೆ?" ಎಂದು ದಿನೇಶ ಕೇಳಿದ. ಒಂದು ಸ್ವಲ್ಪ ತಿರುಚಬಹುದಲ್ಲ ಎಂದು ಅವನ ಕಣ್ಣು ಕೇಳುತ್ತಿತ್ತು. ವ್ಯಾಪಾರದಲ್ಲಿ ಜೀವಮಾನವೆಲ್ಲ ತಿರುಚುವವನೆಂಬ ಹೆಸರು ಹೊತ್ತವನಿಗೆ, ಇದೊಂದು ಕಡೆ ಸತ್ಯವಂತನಾಗುವ ಅವಕಾಶ ಬಿಡಲು ಮನಸ್ಸಾಗಲಿಲ್ಲ.

ಬೇರೆ ಊರಾಗಿದ್ದರೆ ದಪ್ಪಗಾದವನನ್ನು ಬಿಟ್ಟು ತೆಳ್ಳಗಿನವನೊಬ್ಬನನ್ನು ಹಾಕಿಕೊಳ್ಳುತ್ತಿದ್ದರೋ ಏನೋ. ಇವರು ಊಟ ಬಿಟ್ಟರು. ಒಬ್ಬ ರಾತ್ರಿಯ ಅನ್ನ ಬಿಟ್ಟ, ಇನ್ನೊಬ್ಬ ಬೆಳಗಿನ ತಿಂಡಿ ಬಿಟ್ಟ, ದಿನೇಶ ಎರಡನ್ನೂ ಬಿಟ್ಟು ಗಂಜಿ ತಿಳಿ ಕುಡಿದು ರಬ್ಬರ್ ತೋಟದಲ್ಲಿ ತಲೆ ತಿರುಗಿ ಕುಳಿತ. ಹಮೀದನ ಹೆಂಡತಿ ಪತ್ತಿರ್ ಎಂಬ ಅಕ್ಕಿ ರೊಟ್ಟಿ ಸುಡುವುದನ್ನೇ ನಿಲ್ಲಿಸಿದಳಂತೆ. ಎಲ್ಲರನ್ನೂ ಒಳಗೊಳ್ಳಬೇಕು, ಎಲ್ಲರನ್ನೂ ಒಳಗೊಳ್ಳಬೇಕು ಎಂದು ವೇದಿಕೆಯಲ್ಲಿ ಭಾಷಣ ಕೇಳಿ ಕೇಳಿ ನನ್ನ ಕಿವಿ ತೂತಾಗಿತ್ತು. ಅದರ ಅರ್ಥ ಉಳಿದವರು ಎರಡು ತುತ್ತು ಕಮ್ಮಿ ಉಣ್ಣುವುದು ಎಂದು ಯಾವ ಭಾಷಣಕಾರನೂ ಹೇಳಿರಲಿಲ್ಲ. ಹೇಳುವುದು ಹೇಗೆ, ಭಾಷಣ ಮುಗಿದ ಕೂಡಲೇ ಅವರಿಗೆ ಊಟಕ್ಕೆ ಹೊರಡಲಿಕ್ಕಿರುತ್ತದೆ.

ಪಂದ್ಯಾಟದ ದಿನ ತೂಕಕ್ಕೆ ನಿಂತರು. ಎದುರು ತಂಡದವರು ಸುತ್ತ ನಿಂತು ಅಂಕಿ ನೋಡುತ್ತಿದ್ದರು. ಒಬ್ಬೊಬ್ಬರಾಗಿ ಏರಿ ಇಳಿದು ಕೂಡಿಸಿದಾಗ ಇನ್ನೂ ಒಂದು ಕಿಲೋ ಜಾಸ್ತಿ. ಅಂಗಿ ತೆಗೆದರು, ಬೆಲ್ಟು ತೆಗೆದರು, ಸೊಂಟದ ಬೆಳ್ಳಿ ನೇವಳ ತೆಗೆದರು. ಹಮೀದ ಮೆಲ್ಲಗೆ ಗಡ್ಡ ಸವರಿಕೊಂಡು, "ಇದನ್ನು ಬೋಳಿಸಿದರೆ?" ಎಂದ. "ಗಡ್ಡಕ್ಕೆ ಎಂತ ತೂಕ ಉಂಟು ಹಮೀದಿಚ್ಚ, ಅದು ಅಲ್ಲೇ ಇರ್ಲಿ," ಎಂದು ದಿನೇಶ ಗದರಿದ. ಅದೇ ಪುಣ್ಯಾತ್ಮ ಹಿಂದಿನ ದಿನ ತೂಕ ಇಳಿದೀತೆಂದು ಪೋಸ್ಟರಿನ ನಾಯಕರ ಹಾಗೆ ಸಾಕಿದ್ದ ತನ್ನ ಮೀಸೆ ಬೋಳಿಸಿ ಬಂದಿದ್ದ.

ಕೊನೆಗೆ ಹಮೀದ ಹೇಳಿದ, "ನಾನು ಇಳಿತೇನೆ. ಬೇರೆ ಒಬ್ಬನನ್ನು ಹಾಕಿ. ನೀವು ಆಡಿ." ಹೇಳುವಾಗ ಅವನು ಯಾರ ಮುಖವನ್ನೂ ನೋಡಲಿಲ್ಲ, ಹಗ್ಗವನ್ನು ನೋಡಿದ.

"ಇಳಿಯುವುದಾದರೆ ಎಲ್ಲ ಇಳಿಯುವ," ಎಂದ ದಿನೇಶ. "ಈಗ ಓಡುವ ಬನ್ನಿ."

ಮರು ತೂಕಕ್ಕೆ ಸಮಯ ಕೊಟ್ಟಿದ್ದರು. ಟೆಂಪೋದಲ್ಲಿದ್ದ ನನ್ನ ಖಾಲಿ ಗೋಣಿಗಳಿಗೆ ತಲೆ, ಕೈ ಹೊರಬರುವಂತೆ ತೂತು ಮಾಡಿ, ಬೆವರಲಿ ಎಂದು ಮೈಗೆ ಹಾಕಿಕೊಂಡು, ಉರಿ ಬಿಸಿಲಿನಲ್ಲಿ ಎಂಟು ಜನ ಮೈದಾನಕ್ಕೆ ಸುತ್ತು ಬರತೊಡಗಿದರು. ಹಮೀದ ಮಂಡಿ ಹಿಡಿದುಕೊಂಡು ಕುಂಟುವಾಗ ಇಬ್ಬರು ಅವನ ಕಂಕುಳಿಗೆ ಕೈ ಕೊಟ್ಟರು. ಮೈಕಿನವ ಇದು ಯಾವ ಸಾಂಸ್ಕೃತಿಕ ಕಾರ್ಯಕ್ರಮವೆಂದು ತಿಳಿಯದೆ "ಚಪ್ಪಾಳೆ ಬರಲಿ" ಎಂದ. ನನಗೆ ನಗು ಬಂತು, ಕಣ್ಣಲ್ಲಿ ನೀರೂ ಬಂತು. ನನ್ನ ಒಳ್ಳೆಯ ಗೋಣಿಗಳು ಹೋದವಲ್ಲ ಎಂದು ಪಕ್ಕದವರಿಗೆ ಸಮಜಾಯಿಷಿ ಕೊಟ್ಟೆ.

ಎರಡನೆಯ ಸಲ ತೂಕ ಸರಿಹೋಯಿತು. ಎಂಟೂ ಜನರೂ ನನ್ನನ್ನೇ ನೋಡಿದರು. ನಾನೇನೂ ಮಾಡಿರಲಿಲ್ಲ, ದೇವರಾಣೆ.

ನೀವು ಗೆಲುವಿಗಾಗಿ ಕಾಯುತ್ತಿದ್ದೀರಿ. ಆದರೆ ಹೊಟ್ಟೆಗಿಲ್ಲದ ಎಂಟು ಜನ, ಬೆವರಿಳಿದು ಹತ್ತಿಯಾದ ಮೈ. ಹಮೀದ ಬಾಲ ಸುತ್ತಿಕೊಂಡು ಊರಿದ. ಅವನ ಮುಖದಲ್ಲಿ ಆ ಹೊತ್ತಿನಲ್ಲಿದ್ದ ಬೆಳಕನ್ನು ನಾನು ಮರೆಯಲಾರೆ. ಸೀಟಿ ಆಯಿತು. ಬೆಳ್ತಂಗಡಿ ಕಡೆಯ ತಂಡದವರು ಹೊಟ್ಟೆ ತುಂಬ ತಿಂದು ಬಂದವರು, ನಮ್ಮವರನ್ನು ಬಟ್ಟೆ ಒಣಹಾಕುವ ಹಗ್ಗ ಎಳೆದ ಹಾಗೆ ಎಳೆದುಬಿಟ್ಟರು. ಮರು ಎಳೆತವೂ ಹಾಗೆಯೇ. ಮೊದಲ ಸುತ್ತಿನಲ್ಲೇ ನಮ್ಮವರ ಆಟ ಮುಗಿಯಿತು. ಹಮೀದ ಕಡೆಯವರೆಗೂ ಹಗ್ಗ ಬಿಡಲಿಲ್ಲ, ಹಿಮ್ಮಡಿಯಿಂದ ನೆಲದಲ್ಲಿ ಉದ್ದಕ್ಕೂ ಎರಡು ಗೀರು ಎಳೆದುಕೊಂಡು ಹೋದ.

ವಾಪಸು ಬರುವ ದಾರಿಯಲ್ಲಿ ಹೋಟೆಲೊಂದಕ್ಕೆ ನುಗ್ಗಿದರು. ಪರೋಟ, ಕೋಳಿ ಸುಕ್ಕ, ಮತ್ತೆ ಪರೋಟ. ಒಬ್ಬರ ತಟ್ಟೆಯಿಂದ ಒಬ್ಬರು ಎಳೆದು ತಿಂದರು, ಆ ದಿನ ಅವರು ಗೆದ್ದ ಎಳೆದಾಟ ಅದೊಂದೇ. ಅಂಗಡಿಯ ಮುಂದೆ ತಕ್ಕಡಿ ಇಳಿಸಿ ಅದರ ಜಾಗದಲ್ಲಿ ಇಟ್ಟದ್ದೇ ತಡ, ಈಗ ಎಷ್ಟಾಗಿದ್ದೇವೆ ನೋಡುವ ಎಂದು ಎಂಟೂ ಜನ ಒಟ್ಟಿಗೇ ಹತ್ತಿ ಒಬ್ಬರನ್ನೊಬ್ಬರು ತಬ್ಬಿಕೊಂಡು ನಿಂತರು. ಕೆಂಪು ಅಂಕಿಗಳು ಒಮ್ಮೆ ಓಡಿ, ತಡವರಿಸಿ, ಕೊನೆಗೆ ಬರೇ ಅಡ್ಡ ಗೆರೆಗಳನ್ನು ತೋರಿಸಿ ಸುಮ್ಮನಾದವು. ಅಷ್ಟು ಜನರನ್ನು ಒಟ್ಟಿಗೆ ತೂಗುವುದು ನನ್ನ ತಕ್ಕಡಿಯಿಂದ ಆಗುವ ಕೆಲಸವಲ್ಲ.

"ಹಾಳಾಗ್ತದೆ ಮಾರಾಯ್ರೆ, ಇಳಿಯಿರಿ," ಎಂದು ಬೊಬ್ಬೆ ಹಾಕಿದೆ.

ಹಮೀದ ಇಳಿಯಲೆಂದು ಒಂದು ಕಾಲು ಕೆಳಗಿಟ್ಟ. ದಿನೇಶ ಅವನ ಅಂಗಿ ಹಿಡಿದು ಮೇಲಕ್ಕೆ ಎಳೆದ.