ಬಣ್ಣದ ಮೀನಿನವನ ಬೆರಳು

ಬಣ್ಣದ ಮೀನು ಮಾರುವ ಆತನನ್ನು ಬೀದಿಯವರೆಲ್ಲ ಮೀನಣ್ಣ ಎನ್ನುತ್ತಿದ್ದರು. ಮೂವತ್ತು ವರ್ಷ ಗಾಜಿನ ತೊಟ್ಟಿಗಳನ್ನು ಬರಿಗೈಯಲ್ಲೇ ತೊಳೆದವನು. ಗ್ಲೌಸ್ ಹಾಕಿದರೆ ಮೀನುಗಳಿಗೆ ತನ್ನ ಗುರುತು ಸಿಗುವುದಿಲ್ಲ ಎಂಬುದು ಅವನ ವಾದ. ಮೀನುಗಳ ಸಾಕ್ಷಿಯನ್ನು ಯಾರೂ ಕೇಳಿರಲಿಲ್ಲ. ಯಾವ ಹೊಸ ಮೀನು ಬಂದರೂ ಅವನ ಮೊದಲ ಪ್ರಶ್ನೆ ಒಂದೇ: "ಇದು ಏನು ತಿನ್ನುತ್ತೆ?"

ಒಮ್ಮೆ ತೊಟ್ಟಿಯೊಳಗಿನ ಕಲ್ಲು ತರಚಿ, ಬೆರಳಲ್ಲಿ ಗಂಟೆದ್ದಿತು. ನಾಲ್ಕು ತಿಂಗಳಾದರೂ ಮಾಯಲಿಲ್ಲ. ಇಬ್ಬರು ವೈದ್ಯರ ಮುಲಾಮು ನೀರಲ್ಲಿ ಹೋಮ ಮಾಡಿದಂತಾಯಿತು. ಮೂರನೆಯ ವೈದ್ಯೆ ಮಾತ್ರ ಅವನ ಕೆಲಸವೇನೆಂದು ವಿಚಾರಿಸಿ, "ಗಾಯಕ್ಕೆ ಮನೇಲಿ ಏನು ಮಾಡಿದ್ರಿ?" ಎಂದು ಕೇಳಿದರು.

"ದಿನಾ ಬೆಳಿಗ್ಗೆ ತೊಟ್ಟೀಲಿ ಬೆರಳಿಡ್ತೀನಿ ಮೇಡಂ. ಮರಿಮೀನುಗಳೇ ಕಚ್ಚಿ ಕಚ್ಚಿ ಚೊಕ್ಕ ಮಾಡ್ತಾವೆ."

ಪಕ್ಕದಲ್ಲಿದ್ದ ಹೆಂಡತಿ ಹಣೆ ಚಚ್ಚಿಕೊಂಡಳು.

ವೈದ್ಯೆ ಗಂಟಿನ ಚೂರೊಂದನ್ನು ತೆಗೆದು ಪರೀಕ್ಷೆಗೆ ಕಳಿಸಿದರು. ಮೂರು ವಾರದ ಮೇಲೆ, ಮುಚ್ಚಿದ ಗಾಜಿನ ತಟ್ಟೆಯಲ್ಲಿ ಆ ಚೂರಿನಿಂದ ಬೆಳೆದಿದ್ದ ಹಳದಿ ಚುಕ್ಕೆಗಳನ್ನು ತೋರಿಸಿದರು.

"ತೊಟ್ಟಿ ನೀರಿನ ಬ್ಯಾಕ್ಟೀರಿಯಾ. ಮನುಷ್ಯರಿಗೆ ಅಂಟೋದು ಅಪರೂಪ. ಮೈಯೊಳಗಿನ ಬಿಸಿ ಇದಕ್ಕೆ ಆಗಲ್ಲ, ಅದಕ್ಕೇ ತಣ್ಣಗಿರೋ ಬೆರಳಲ್ಲಿ ಮನೆ ಮಾಡಿದೆ. ಮಾತ್ರೆ ಕೆಲವು ತಿಂಗಳು ತಗೋಬೇಕು."

ಮೀನಣ್ಣ ಕನ್ನಡಕ ಸರಿಮಾಡಿಕೊಂಡು, ಹೊಸ ಮೀನನ್ನು ನೋಡುವಂತೆಯೇ ತಟ್ಟೆಯನ್ನು ಬಗ್ಗಿ ನೋಡಿದ.

"ಇದು ಏನು ತಿನ್ನುತ್ತೆ ಮೇಡಂ?"

"ಸದ್ಯಕ್ಕೆ ನಿಮ್ಮನ್ನೇ."